ಡಬಲ್ ಬೈಂಡಿನೊಳಗೆ ಹೋದ ಗೋಲ್‌ಕೀಪರ್

ಮೊಮ್ಮಗಳ ಹೊಸ ಪುಸ್ತಕಗಳಿಗೆ ಬೈಂಡ್ ಹಾಕಲು ಅಪ್ಪ ಇವತ್ತು ಕತ್ತರಿ ಹಿಡಿದು ಕುಳಿತರು. ಗಮ್ಮಿನ ವಾಸನೆ ಮೂಗಿಗೆ ಬಡಿದದ್ದೇ ತಡ, ನನ್ನ ಹಳೆಯ ಸಿಟ್ಟು ಎದ್ದು ಕೂತಿತು.

ನಾನು ಶಾಲೆಗೆ ಹೋಗುವಾಗ ನಾವು ಗಲ್ಫಿನ ವಾದಿ ಕಬೀರಿನಲ್ಲಿದ್ದೆವು. ಅಪ್ಪನ ಆಫೀಸಿನ ಕೆನಡಾದ ಎಂಜಿನಿಯರ್ ನನಗೊಂದು ಐಸ್ ಹಾಕಿ ಆಟದ ಪತ್ರಿಕೆ ಕೊಟ್ಟಿದ್ದರು. ಫ್ರಿಜ್ಜಿನ ಹೊರಗೆ ಮಂಜುಗಡ್ಡೆಯನ್ನೇ ಕಾಣದ ನಾನು, ಅದರಲ್ಲಿದ್ದ ಗೋಲ್‌ಕೀಪರನ ಕಥೆಗೆ ಮರುಳಾದೆ. ಹೆಪ್ಪುಗಟ್ಟಿದ ಕೆರೆಯ ಮೇಲೆ ಆಟ ಕಲಿತವನು, ಮುಖಕ್ಕೆ ಹೊಲಿಗೆ ಹಾಕಿಸಿಕೊಂಡು ಬಂದು ಕಪ್ ಗೆದ್ದವನು. ಬೇಗ ಮುಗಿದುಹೋದೀತೆಂದು ದಿನಕ್ಕೆ ಒಂದೇ ಪುಟ ಓದುತ್ತಿದ್ದೆ. ಅವನ ವಿದಾಯದ ಪಂದ್ಯವಷ್ಟೇ ಬಾಕಿಯಿತ್ತು.

ಒಂದು ದಿನ ಶಾಲೆಯಿಂದ ಬಂದರೆ ಪತ್ರಿಕೆಯೇ ಇಲ್ಲ! ನನ್ನ ಶಾಲೆಯ ಪುಸ್ತಕಗಳಿಗೆಲ್ಲ ಕೆಳಗೆ ಪತ್ರಿಕೆಯ ಹಾಳೆ, ಮೇಲೆ ಖಾಕಿ ಕಾಗದ: ಅದು ಅಪ್ಪನ ಡಬಲ್ ಬೈಂಡ್.

“ಒಳ್ಳೆ ಗಟ್ಟಿ ಕಾಗದ ಮಾರಾಯ್ತಿ, ಸುಮ್ಮನೆ ಬಿಸಾಡುದಾ?” ಎಂದರು.

ಬಿಸಾಡಲು ಹೇಳಿದವರು ಯಾರು? ಎಲ್ಲ ಪುಸ್ತಕಗಳ ಬೈಂಡ್ ಕಿತ್ತು ಹುಡುಕಿದೆ. ಗಣಿತ ಪುಸ್ತಕದಲ್ಲಿ ಕೊನೆಯ ಪುಟದ ಅರ್ಧ ಮಾತ್ರ ಸಿಕ್ಕಿತು. ‘ಪಂದ್ಯ ಮುಗಿದ ಮೇಲೆ ಅವನು’ ಎಂಬಲ್ಲಿಗೆ ಕತ್ತರಿ ಆಡಿತ್ತು. ಬೈಂಡ್ ಕಿತ್ತದ್ದಕ್ಕೆ ಬೈಗುಳ ತಿಂದವಳೂ ನಾನೇ.

ಈಗ ಫೋನಿನಲ್ಲಿ ಹುಡುಕಿದರೆ ನಿಮಿಷದಲ್ಲಿ ಸಿಕ್ಕೀತು. ಹುಡುಕಿಲ್ಲ. ಸಿಟ್ಟು ಇಳಿದುಬಿಟ್ಟರೆ?

ಅಷ್ಟರಲ್ಲಿ ಅಪ್ಪ ನನ್ನ ಮಗಳ ಕಾಮಿಕ್ಸಿನತ್ತ ಕೈ ಚಾಚಿದರು. “ಇದು ಗಟ್ಟಿ ಉಂಟಲ್ಲ?”

“ನೋ ಅಜ್ಜಾ! ನಾನಿನ್ನೂ ಓದಿ ಮುಗಿಸ್ಲಿಲ್ಲ!”

ಅಪ್ಪ ತಕ್ಷಣ ಕೈ ಹಿಂದೆಗೆದುಕೊಂಡು, “ಸಾರಿ ಪುಟ್ಟಾ” ಎಂದರು.

ನಾನು ಕತ್ತರಿ ಕಸಿದುಕೊಂಡೆ. “ನಾನೂ ಮುಗಿಸಿರ್ಲಿಲ್ಲ ಅಪ್ಪ!”