ಬೆರಳಿಗೆ ಸಿಗುವ ಬೆಟ್ಟ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಹಿತ್ತಲಿನ ತಗಡಿನ ಕೋಣೆಯಲ್ಲಿ ಆಕೆ ಬೋಗುಣಿ ಹಿಡಿದು ಪ್ಲಾಸ್ಟರ್ ಕಲಸುತ್ತಿದ್ದಾರೆ. ಬಿಸಿಲೇರಿದರೆ ಅದು ಕೈಯಲ್ಲೇ ಗಟ್ಟಿಯಾಗಿಬಿಡುತ್ತದೆ. ಎದುರಿನ ಹಲಗೆಯ ಮೇಲೆ, ಊರಿನ ಬೆನ್ನಿಗಿರುವ ಬೆಟ್ಟಸಾಲು ಅರ್ಧ ಎದ್ದು ನಿಂತಿದೆ. ಒಂದು ಮಗ್ಗುಲು ಗೋಡೆಯಂತೆ ಕಡಿದಾಗಿದ್ದರೆ, ಇನ್ನೊಂದು ನಿಧಾನವಾಗಿ ಬಯಲಿಗೆ ಜಾರುತ್ತದೆ. ನಿಜದ ಬೆಟ್ಟ ಹಿಮ ಬೀಳುವಷ್ಟು ಎತ್ತರವಿಲ್ಲ, ಮೋಡ ತಡೆಯಲಾರದಷ್ಟು ಕುಳ್ಳೂ ಅಲ್ಲ.

ಅಂಧ ಮಕ್ಕಳ ಶಾಲೆಗೆ ಮುಟ್ಟಿ ಓದುವ ಭೂಪಟ ಮಾಡಿಕೊಡುವ ಈಕೆ ಮಕ್ಕಳ ಬಾಯಲ್ಲಿ 'ಬೆಟ್ಟದಕ್ಕ'. ಮೊದಲು ಗಾರೆ ಕೆಲಸ ಮಾಡುತ್ತಿದ್ದರು. ಗೋಡೆಗೆ ಕಟ್ಟಿದ್ದ ಮರದ ಸಾರುವೆಯಿಂದ ಬಿದ್ದು ಭುಜ ಮುರಿದ ಮೇಲೆ ಬಲಗೈ ತಲೆಗಿಂತ ಮೇಲೆ ಏಳುವುದಿಲ್ಲ. ಮನೆ ಹಿಡಿದು ಕುಳಿತಿದ್ದಾಗ ಶಾಲೆಯ ಭೂಗೋಳದ ಮೇಷ್ಟ್ರು ಹುಡುಕಿಕೊಂಡು ಬಂದರು.

"ಕೂತೇ ಮಾಡೋ ಕೆಲಸ, ಆಗುತ್ತಾ ನೋಡಮ್ಮ ಅಂದ್ರು. ಕೂತು ಕೂತು ತಲೆ ಕೆಟ್ಟಿತ್ತು, ಹೂಂ ಅಂದ್ಬಿಟ್ಟೆ."

ಮೊದಲ ಬೆಟ್ಟವನ್ನು ಕ್ಯಾಲೆಂಡರಿನ ಚಿತ್ರದಂತೆ ಚೂಪುಚೂಪಾಗಿ ಕಟ್ಟಿದರು. ಮನೆಯಲ್ಲಿ ಅತ್ತೆ ಇದ್ದಾರೆ. ಬೆಟ್ಟದಾಚೆ ಹುಟ್ಟಿದವರು, ಈಗ ಕಣ್ಣು ಪೂರ್ತಿ ಹೋಗಿದೆ. ಅದರ ಮೇಲೆ ಬೆರಳಾಡಿಸಿ ಅವರು ನಕ್ಕರಂತೆ. "ಇದ್ಯಾರ ಬೆಟ್ಟವೇ? ನಮ್ಮದಕ್ಕೆ ಇಷ್ಟುದ್ದ ಮೂಗಿಲ್ಲ. ಹಳೇ ಬೆಟ್ಟ ಅದು, ಮಳೆ ಗಾಳಿ ತಿಂದು ನನ್ನ ಹಾಗೇ ಬೋಳಾಗಿದೆ." ಸೊಸೆ ಒಡೆದು ಮತ್ತೆ ಕಟ್ಟಿದರು. ಅಂದಿನಿಂದ ಪ್ರತಿ ಹಲಗೆಯನ್ನೂ ಮೊದಲು ಮುಟ್ಟುವುದು ಅತ್ತೆಯೇ.

ಕಳೆದ ಮಳೆಗಾಲದಲ್ಲಿ ಅತ್ತೆ ಹಾಸಿಗೆ ಹಿಡಿದರು. ಊಟ ಬಿಟ್ಟರು, ಆಮೇಲೆ ಮಾತೂ ಬಿಟ್ಟರು. ದಿಕ್ಕು ತೋಚದ ಸೊಸೆ ಒಂದು ಮಧ್ಯಾಹ್ನ ಆಗಷ್ಟೇ ಒಣಗಿದ ಬೆಟ್ಟಸಾಲನ್ನು ತಂದು ಅವರ ತೊಡೆಯ ಮೇಲಿಟ್ಟರು. ಬೆರಳುಗಳು ಇಳಿಜಾರು ಹತ್ತಿ, ಎರಡು ಶಿಖರಗಳ ನಡುವಿನ ತಗ್ಗಿನಲ್ಲಿ ನಿಂತವು.

"ಇಲ್ಲೇ ಅಲ್ವೇನೇ, ನಾನು ಮದುವೆಯಾಗಿ ದಾಟಿ ಬಂದಿದ್ದು? ನಿಮ್ಮ ಮಾವ ಸುಸ್ತಾಗಿ ಕೂತ್ಬಿಟ್ಟಿದ್ರು. ನಾನೇ ಕೈ ಹಿಡಿದು ಎಬ್ಬಿಸ್ದೆ."

ಅದನ್ನು ಹೇಳುವಾಗ ಬೆಟ್ಟದಕ್ಕನ ಕಣ್ಣು ತುಂಬುತ್ತದೆ. "ಅವತ್ತು ಸಂಜೆ ಅವರಾಗೇ ಊಟ ಕೇಳಿದ್ರು. ಈಗ ನೋಡಿ, ಬಾಗಿಲಲ್ಲಿ ಕೂತು ನನ್ನನ್ನೇ ಗದರ್ತಾರೆ."

ಮಕ್ಕಳ ಬೆರಳು ಓಡಾಡಿ ಓಡಾಡಿ ಶಾಲೆಯ ಬೆಟ್ಟಗಳು ಎರಡು ಮೂರು ವರ್ಷಕ್ಕೆ ಸವೆಯುತ್ತವೆ. ಮೇಲೊಂದು ಗಟ್ಟಿ ಬಣ್ಣ ಬಳಿಯಬಾರದೇ ಎಂದು ಕೇಳಿದರೆ ಆಕೆ ಒಪ್ಪುವುದಿಲ್ಲ.

"ಬಣ್ಣ ಬಳಿದ್ರೆ ಎಲ್ಲಾ ನುಣ್ಣಗಾಗುತ್ತೆ, ಬಂಡೆ ಯಾವುದು ಕಾಡು ಯಾವುದು ಮಕ್ಕಳಿಗೆ ತಿಳಿಯಲ್ಲ. ಸವೀಲಿ ಬಿಡಿ," ಎನ್ನುತ್ತಾ ಬೋಗುಣಿ ತೊಳೆಯುತ್ತಾರೆ. "ಮತ್ತೆ ಕಟ್ಟೋಕೆ ನಾನಿದ್ದೀನಲ್ಲ."