ಎರವಲು ದನಿ ಒಲ್ಲದ ಎತೆಲ್ಕಾ

ಬೆಳಗಿನ ಐದೂವರೆ. ವಿಯೆನ್ನಾದ ಒಟ್ಟಾಕ್ರಿಂಗ್ ಮಾರುಕಟ್ಟೆಯ ಪಕ್ಕ ನಿಂತಿರುವ ಮೇಕಪ್ ವ್ಯಾನಿನಲ್ಲಿ ಎತೆಲ್ಕಾ ಬರಬಾಶ್ ಕಣ್ಣು ಮುಚ್ಚಿ ಕೂತಿದ್ದಾರೆ. ಇವತ್ತು ಅವರು ಈರುಳ್ಳಿ ಮಾರುವ ಮುದುಕಿ. ಮೇಕಪ್ ಮಾಡುವ ಲೊರೆಂಟ್ಸ್ ಎತೆಲ್ಕಾರ ಕೆನ್ನೆಗೆ ಕಂದು ಬಣ್ಣ ಹಚ್ಚುತ್ತಾ ಕೇಳುತ್ತಾನೆ: "ಎತೆಲ್ಕಾಮ್ಮ, ಈ ಸಿನಿಮಾದಲ್ಲೂ ಸಾಯ್ತೀರಾ?"

"ಇವತ್ತು ಬದುಕಿರ್ತೀನಿ ಕಣಪ್ಪ. ಸಾಯೋದು ಗುರುವಾರ. ಸುಕ್ಕು ಬರೆಯೋಕೆ ಹೋಗ್ಬೇಡ, ಅದು ನಂದೇ ಬೇಕಾದಷ್ಟಿದೆ."

ಎಂಬತ್ತರ ಹೊಸ್ತಿಲಲ್ಲಿರುವ ಈ ನಟಿಯ ಮುಖ ನೋಡದವರು ಆಸ್ಟ್ರಿಯಾದಲ್ಲಿ ಕಡಿಮೆ. ಹೆಸರು ಮಾತ್ರ ಯಾರಿಗೂ ನೆನಪಾಗುವುದಿಲ್ಲ. ಮನೆಗೆಲಸದಾಕೆ, ಸನ್ಯಾಸಿನಿ, ರೈಲಿನ ಎದುರು ಸೀಟಿನ ಹೆಂಗಸು, ಕೊಲೆಯಾದ ಮನೆಯ ಮುಂದೆ ಸುಮ್ಮನೆ ನಿಂತ ನೆರೆಯಾಕೆ. ಹೆಚ್ಚಿನವು ಮಾತಿಲ್ಲದ ಪಾತ್ರಗಳೇ. ಅದು ಅವರೇ ಆರಿಸಿಕೊಂಡದ್ದು.

ಹುಟ್ಟಿದ್ದು ಹಂಗೇರಿಯ ಗಡಿಯೂರು ಶೋಪ್ರೋನ್‌ನಲ್ಲಿ, ಬೂಟು ಹೊಲಿಯುವವರ ಮಗಳಾಗಿ. ೧೯೫೬ರ ನವೆಂಬರಿನಲ್ಲಿ ಹಂಗೇರಿಯ ಬಂಡಾಯ ಹತ್ತಿಕ್ಕಲು ಸೋವಿಯತ್ ಟ್ಯಾಂಕುಗಳು ಬಂದಾಗ ಎತೆಲ್ಕಾ ನಾಟಕ ಶಾಲೆಯ ವಿದ್ಯಾರ್ಥಿನಿ. ನೆರೆಯವರ ಜೊತೆ ಗಡಿ ದಾಟಿ ಆಸ್ಟ್ರಿಯಾಕ್ಕೆ ಬಂದರು. ಆ ವೇಳೆಗೆ ತಂದೆ ಬದುಕಿರಲಿಲ್ಲ, ತಾಯಿ ಹೊರಡಲಿಲ್ಲ. "ನೀನು ಹೋಗು, ನಾನು ಆಮೇಲೆ ಬರ್ತೀನಿ ಅಂದ್ಲು. ಆ ಆಮೇಲೆ ಅನ್ನೋದು ಬರಲೇ ಇಲ್ಲ."

ವಿಯೆನ್ನಾದ ಹೋಟೆಲೊಂದರಲ್ಲಿ ಹಾಸಿಗೆ ಹಾಸುತ್ತಿದ್ದ ಹುಡುಗಿಗೆ ಸಿನಿಮಾದವರ ಪರಿಚಯವಾಯಿತು. ಕ್ಯಾಮೆರಾಗೆ ಅವರ ಮುಖ ಒಗ್ಗಿತು, ಆದರೆ ಅವರ ಜರ್ಮನ್ ಮಾತಿನಲ್ಲಿದ್ದ ಹಂಗೇರಿಯ ರಾಗ ಯಾರಿಗೂ ಹಿಡಿಸಲಿಲ್ಲ. ಪ್ರತಿ ಚಿತ್ರದಲ್ಲೂ ಬೇರೊಬ್ಬ ಕಲಾವಿದೆ ಅವರಿಗೆ ದನಿ ಕೊಟ್ಟರು. ಶೋಪ್ರೋನ್‌ನಲ್ಲಿ ಆಸ್ಟ್ರಿಯಾದ ಟಿವಿ ಸಿಗುತ್ತಿತ್ತು. ಪಕ್ಕದ ಮನೆಯಲ್ಲಿ ಕೂತು ಮಗಳ ಸಿನಿಮಾ ನೋಡಿದ ತಾಯಿ ಅಂಚೆ ಕಚೇರಿಗೆ ಹೋಗಿ ಟ್ರಂಕ್ ಕಾಲ್ ಮಾಡಿದರು.

"'ಏನೇ, ಅದ್ಯಾರ ಗಂಟಲು ಅದು?' ಅಂದ್ಲು. 'ನಿನ್ನ ಮಾತು ಕೇಳೋಣ ಅಂತ ಕಾದು ಕೂತಿದ್ದೆ. ಮುಖ ನೋಡೋಕೆ ನನ್ನ ಹತ್ರ ಫೋಟೋ ಇಲ್ವಾ?' ಅಂತ."

ಅದೇ ವರ್ಷ ಒಂದು ದೊಡ್ಡ ಪಾತ್ರ ಬಂತು, ನಾಯಕಿಯ ಅಕ್ಕನದು. ನನ್ನ ದನಿಯೇ ಇರಬೇಕು ಎಂದು ಎತೆಲ್ಕಾ ಪಟ್ಟು ಹಿಡಿದರು. "ನಿರ್ಮಾಪಕ ನಕ್ಕುಬಿಟ್ಟ. 'ನಮಗೆ ಬೇಕಾಗಿರೋದು ನಿನ್ನ ಮುಖ, ಬಾಯಲ್ಲ' ಅಂದ. ಹಾಗಾದ್ರೆ ಮುಖಾನೂ ಮನೆಗೆ ಕರ್ಕೊಂಡು ಹೋಗ್ತೀನಿ ಅಂತ ಎದ್ದು ಬಂದೆ."

ಸುದ್ದಿ ಹಬ್ಬಿತು, ಕರೆಯುವವರು ಇಲ್ಲವಾದರು. ಲಾಂಡ್ರಿಯೊಂದರಲ್ಲಿ ಹೋಟೆಲುಗಳ ಮೇಜುಬಟ್ಟೆ ಇಸ್ತ್ರಿ ಮಾಡಿ ಕೆಲವು ವರ್ಷ ಕಳೆದರು. ಆ ನಡುವೆ ತಾಯಿ ತೀರಿಕೊಂಡರು. ಗಡಿ ದಾಟಿ ಬಂದವರಿಗೆ ಮರಳಿ ಹೋಗುವ ಅನುಮತಿ ಇರಲಿಲ್ಲ. ಮತ್ತೆ ಸ್ಟುಡಿಯೋದ ಬಾಗಿಲಿಗೆ ಬಂದಾಗ ಅವರು ಕೇಳಿದ್ದು ಒಂದೇ: ಮಾತಿಲ್ಲದ ಪಾತ್ರ ಕೊಡಿ. "ಹಠ ಅಂದ್ರು. ಹೂಂ, ಹಠಾನೇ. ನಟಿಸೋದು ಬಿಟ್ಟಿರೋಕಾಗ್ಲಿಲ್ಲ, ಇನ್ನೊಬ್ಬಳ ಗಂಟಲಲ್ಲಿ ಮಾತಾಡೋಕೂ ಆಗ್ಲಿಲ್ಲ."

ಹಾಗೆಯೇ ಅರ್ಧ ಶತಮಾನ ಕಳೆಯಿತು. ಕಳೆದ ವರ್ಷ ಮಿರಿಯಾಮ್ ಹ್ಯೋಲ್ಟ್‌ಸ್ಲ್ ಎಂಬ ಯುವ ನಿರ್ದೇಶಕಿ ಊಟದ ಬಿಡುವಿನಲ್ಲಿ ಇವರನ್ನು ಗಮನಿಸಿದರು. ನಮ್ಮೂರಿನ ಮಾಂಸದ ಸಾರು ಗುಲಾಷ್ ಅಂದ್ರೆ ಇದೇನಾ, ಮೆಣಸಿನಪುಡಿ ನೆಲಕ್ಕೆ ಚೆಲ್ಲಿದ್ರಾ ಎಂದು ಎತೆಲ್ಕಾ ಅಡುಗೆಯವನನ್ನು ಬೈಯುತ್ತಿದ್ದರು. ಮಿರಿಯಾಮ್ ಅಂದು ಸಂಜೆಯೇ ಇವರು ಮಾಡುತ್ತಿದ್ದ ಮೂಕ ನೆರೆಯಾಕೆಯ ಪಾತ್ರಕ್ಕೆ ಮಾತು ಬರೆದರು. ನಿರ್ಮಾಪಕರು ಈ ಉಚ್ಚಾರ ಜನಕ್ಕೆ ತಿಳಿಯುವುದಿಲ್ಲ ಎಂದರಂತೆ. "ಅಡುಗೆಯವನಿಗೆ ಚೆನ್ನಾಗೇ ತಿಳೀತಲ್ಲ" ಎಂದು ಮಿರಿಯಾಮ್ ಮಾತು ಮುಗಿಸಿದರು.

ಆ ಚಿತ್ರ ಈ ಚಳಿಗಾಲದಲ್ಲಿ ಟಿವಿಗೆ ಬಂತು. ಅದಾದ ಮೇಲೆ ಏನಾದರೂ ಬದಲಾಯಿತೇ ಎಂದು ಕೇಳಿದೆ.

"ಏನೂ ಇಲ್ಲ. ಮೊನ್ನೆ ಟ್ರಾಮ್‌ನಲ್ಲಿ 'ಸ್ವಲ್ಪ ದಾರಿ ಬಿಡಿ, ಇಳೀಬೇಕು' ಅಂದೆ. ನನಗೆ ಬೆನ್ನು ಹಾಕಿ ನಿಂತಿದ್ದ ಹೆಂಗಸು ಗಕ್ಕನೆ ತಿರುಗಿದಳು. 'ಆ ಸಿನಿಮಾದಲ್ಲಿ ಮಾತಾಡಿದ್ದು ನೀವೇ ಅಲ್ವಾ?' ಅಂದ್ಲು."

ಹೊರಗಿನಿಂದ ಕರೆ ಬರುತ್ತದೆ. ಎತೆಲ್ಕಾ ತಲೆವಸ್ತ್ರ ಬಿಗಿದುಕೊಂಡು ವ್ಯಾನಿನ ಮೆಟ್ಟಿಲು ಇಳಿಯುತ್ತಾರೆ.

"ನಾನು ಇಳೀಲಿಲ್ಲ. ಕೊನೇ ಸ್ಟಾಪ್‌ವರೆಗೂ ಅವಳ ಜೊತೆ ಮಾತಾಡ್ತಾ ಹೋದೆ."