ಉರ್ಪವ್ವನ ತೊಟ್ಟಿಲು

ನನ್ನ ಹೆಸರು ಸಾಕಮ್ಮ. ಹೊಸಬರಿಗೆ ಇದನ್ನು ಹೇಳುವ ಮುನ್ನ ಸಣ್ಣಗೆ ಒಮ್ಮೆ ಕೆಮ್ಮುತ್ತೇನೆ. ಅರ್ಥ ಹೊಳೆದ ಕೂಡಲೇ ಕೇಳಿದವರ ಮುಖದಲ್ಲಿ ‘ಅಯ್ಯೋ ಪಾಪ’ ಎಂಬ ಕಳೆ ಮೂಡುತ್ತದಲ್ಲ, ಅದು ಮೂಡುವುದರೊಳಗೆ ಮಾತು ಬದಲಿಸಲು ಆ ಕೆಮ್ಮು ಅನುಕೂಲ. ಮದುವೆಮನೆಯ ಪಂಕ್ತಿಯಲ್ಲಂತೂ ನನ್ನ ಪಾಡು ಯಾರಿಗೂ ಬೇಡ. ಬಡಿಸುವವರಿಗೆ ಆ ಕಡೆಯಿಂದ ಒಬ್ಬರು ‘ಸಾಕು’ ಅನ್ನುತ್ತಾರೆ, ಈ ಕಡೆಯಿಂದ ಇನ್ನೊಬ್ಬರು ‘ಸಾಕು ಸಾಕು’ ಅನ್ನುತ್ತಾರೆ. ನಾನು ಎಲೆಯ ಮೇಲಿನ ಹೋಳಿಗೆ ಬಿಟ್ಟು ಎರಡೂ ಕಡೆ ಹೊರಳಿ ನೋಡುತ್ತಿರುತ್ತೇನೆ.

ನನಗಿಂತ ಮೊದಲು ನಮ್ಮವ್ವನಿಗೆ ಮೂರು ಹೆಣ್ಣಾಗಿದ್ದವು. ನಾಲ್ಕನೆಯದೂ ಹೆಣ್ಣಾದಾಗ, ದೇವರಿಗೆ ಸೂಕ್ಷ್ಮವಾಗಿ ಹೇಳಿದರೆ ತಿಳಿಯುತ್ತಿಲ್ಲ, ಬಿಡಿಸಿಯೇ ಹೇಳೋಣ ಎಂದು ‘ಸಾಕವ್ವ’ ಎಂದು ಇಟ್ಟರು. ಶಾಲೆಗೆ ಸೇರುವಾಗ ಅದು ತುಸು ನಾಜೂಕಾಗಿ ಸಾಕಮ್ಮ ಆಯಿತು. ಯಾದಗಿರಿಯಿಂದ ಸುರಪುರದವರೆಗೆ ಯಾವ ಊರಿಗೆ ಹೋದರೂ ನಿಮಗೊಬ್ಬ ಸಾಕವ್ವ ಸಿಗುತ್ತಾಳೆ. ಅವಳ ಬೆನ್ನಿಗೆ ತಮ್ಮ ಹುಟ್ಟಿದ್ದರೆ ಪದ್ಧತಿ ಗೆದ್ದಿತು. ಮತ್ತೆ ತಂಗಿಯರೇ ಹುಟ್ಟಿದ್ದರೆ ಆ ಮಾತನ್ನು ಯಾರೂ ಎತ್ತುವುದಿಲ್ಲ. ನಮ್ಮ ಮನೆಯಲ್ಲಿ ತಮ್ಮ ಹುಟ್ಟಿದ. ಹೀಗಾಗಿ ನನ್ನ ಹೆಸರು ಗುಣ ಕಂಡ ಔಷಧಿಯೆಂದು ಊರಲ್ಲೆಲ್ಲ ಪ್ರಸಿದ್ಧವಾಯಿತು. ‘ಸಾಕು’ ಅಂದರೆ ಸಲಹು ಎಂಬ ಅರ್ಥವೂ ಇದೆಯಲ್ಲ ಮೇಡಂ ಎಂದು ಶಾಲೆಯ ಸಹೋದ್ಯೋಗಿಗಳು ಸಮಾಧಾನ ಹೇಳುವುದುಂಟು. ಅವರ ಒಳ್ಳೆಯ ಮನಸ್ಸಿಗೆ ನನ್ನ ನಮಸ್ಕಾರ. ನನಗೆ ಹೆಸರಿಟ್ಟವರು ನಿಘಂಟು ತೆರೆದು ನೋಡಿ ಇಟ್ಟಿರಲಿಲ್ಲ.

ಈ ಹೆಸರಿನ ಸಿಟ್ಟು ನನಗಿದ್ದದ್ದು ಅವ್ವನ ಮೇಲೆ. ಅಜ್ಜಿ, ಅಪ್ಪ, ಊರು, ದೇವರು ಏನಾದರೂ ಅನ್ನಲಿ, ಹೆತ್ತವಳಾದರೂ ಒಂದು ಮಾತು ‘ಬ್ಯಾಡ’ ಅನ್ನಬಾರದಿತ್ತೇ? ಕೇಳಿರಲಿಲ್ಲ, ಜಗಳ ಆಡಿರಲಿಲ್ಲ. ಹಲ್ಲಿನ ಸಂದಿಯ ಶೇಂಗಾ ಚೂರಿನ ಹಾಗೆ ಅದು ಅಲ್ಲಿಯೇ ಇತ್ತು.

ಇಷ್ಟೆಲ್ಲ ಪೀಠಿಕೆ ಯಾಕೆಂದರೆ, ಹೋದ ವರ್ಷ ನಮ್ಮ ತಮ್ಮ ಮಲ್ಲಣ್ಣನಿಗೆ ಮೂರನೆಯ ಮಗಳು ಹುಟ್ಟಿದಳು. ಅವನು ಶಹಾಪುರದಾಚೆ ಕೆನಾಲಿನ ದಂಡೆಯ ನಮ್ಮ ಊರಿನಲ್ಲಿ ಭತ್ತ ಬೆಳೆಯುತ್ತಾನೆ, ಅವ್ವ ಅವನ ಜೊತೆಗಿದ್ದಾಳೆ. ನಾನು ಶಹಾಪುರದ ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ನಮ್ಮಲ್ಲಿ ಕೂಸನ್ನು ತೊಟ್ಟಿಲಿಗೆ ಹಾಕುವ ದಿನ ಹೆಸರು ಕರೆಯುವ ಹಕ್ಕು ಸೋದರತ್ತೆಯದು. ಅವಳು ಕೂಸಿನ ಕಿವಿಯಲ್ಲಿ ‘ಕುರ್‌ರ್’ ಎಂದು ಹೆಸರು ಹೇಳಬೇಕು, ಹಿಂದೆ ನಿಂತ ಹೆಂಗಸರು ಅವಳ ಬೆನ್ನಿಗೆ ಗುದ್ದಬೇಕು. ಒಮ್ಮೆ ಕಿವಿಯಲ್ಲಿ ಬಿದ್ದ ಹೆಸರನ್ನು ಹಿಂದಕ್ಕೆ ತೆಗೆಯುವ ಹಾಗಿಲ್ಲ. ಮೂವರು ಅಕ್ಕಂದಿರು ದೂರದ ಊರುಗಳಲ್ಲಿರುವುದರಿಂದ ಈ ಅಧಿಕಾರ, ಗುದ್ದಿನ ಸಮೇತ, ನನ್ನ ಪಾಲಿಗೆ ಬಂದಿತ್ತು.

ಒಂದು ಮುಂಜಾನೆ ಮಲ್ಲಣ್ಣ ಬೈಕಿನ ಮೇಲೆ ಬಂದ. ಕೈಯಲ್ಲಿ ಇಳಕಲ್ ಸೀರೆಯ ಚೀಲ. ತಮ್ಮ ತಾನಾಗಿ ಸೀರೆ ತಂದನೆಂದರೆ ಅಕ್ಕ ಎಚ್ಚರವಾಗಬೇಕು.

“ಅಕ್ಕಾ, ಕೂಸಿಗಿ ನಿನ್ನ ಹೆಸರೇ ಕರೀಬೇಕು ನೋಡು,” ಅಂದ.

“ನನ್ನ ಮ್ಯಾಲ ಅಷ್ಟು ಪ್ರೀತಿ ಯಾವಾಗ ಉಕ್ಕಿತೋ?”

“ಪ್ರೀತಿ ಅದ ಬಿಡು. ನಿನಗ ಸಾಕವ್ವ ಅಂತ ಇಟ್ಟ ಮ್ಯಾಲೇ ನಾ ಹುಟ್ಟೀನಿಲ್ಲೇನು? ಈಕಿಗೂ ಇಟ್ಟರ ಮುಂದಿಂದು ಗಂಡಾಗ್ತದ.”

“ನನಗ ಹೆಸರಿಟ್ಟ ಮ್ಯಾಲೇ ಕೆನಾಲೂ ಬಂತು. ಅದೂ ನನ್ನ ಹೆಸರಿನಿಂದ ಬಂತೇನಪಾ? ಹಂಗಿದ್ದರ ನೀರಾವರಿ ಆಫೀಸಿನ ಮುಂದ ನನ್ನ ಫೋಟೋ ಹಾಕಸು.”

ಮಲ್ಲಣ್ಣ ಬಿದ್ದು ಬಿದ್ದು ನಕ್ಕ. ಆದರೆ ಹೊರಡುವಾಗ ಬಾಗಿಲಲ್ಲಿ ನಿಂತು, “ನಗಿಚಾಟಿಕಿ ಅಲ್ಲಕ್ಕಾ, ಸಾಕವ್ವ ಅಂತನೇ ಕರಿ,” ಎಂದು ಮತ್ತೊಮ್ಮೆ ಹೇಳಿದ. ನಾನು ಹ್ಞೂಂ ಅನ್ನಲಿಲ್ಲ, ಉಹ್ಞೂಂ ಅನ್ನಲಿಲ್ಲ. ಸೀರೆ ಮಾತ್ರ ತೆಗೆದುಕೊಂಡೆ. ಬಣ್ಣ ಚಲೋ ಇತ್ತು.

ಮುಂದಿನ ರವಿವಾರ ಊರಿಗೆ ಹೋದೆ. ಬಾಣಂತಿಯ ಕೋಣೆಯಲ್ಲಿ ಮಲ್ಲಣ್ಣನ ಹೆಂಡತಿ ಸುನಂದಾ ಕಿವಿಗೆ ಬಟ್ಟೆ ಕಟ್ಟಿಕೊಂಡು ಕುಳಿತಿದ್ದಳು. ಅವಳು ಸೈದಾಪುರದ ಹುಡುಗಿ, ಮದುವೆಗೆ ಮುಂಚೆ ಕಡೇಚೂರಿನ ಒಂದು ಕಾರ್ಖಾನೆಯಲ್ಲಿ ಕೆಲಸ ಮಾಡಿದವಳು. ಮಾತು ಕಡಿಮೆ, ಹಟ ಜಾಸ್ತಿ. ಕೋಣೆಯ ಮೂಲೆಯಲ್ಲಿ ಅವ್ವ ಲೋಬಾನದ ಹೊಗೆ ಹಾಕುತ್ತಿದ್ದಳು. ಅವಳು ಹೊರಗೆ ಹೋದದ್ದೇ ತಡ, ಸುನಂದಾ ದಿಂಬಿನ ಅಡಿಯಿಂದ ಮೊಬೈಲು ತೆಗೆದು ನನ್ನ ಕೈಗಿಟ್ಟಳು.

“ಅಕ್ಕಾರ, ಇದು ನೋಡ್ರಿ. ‘ಉರ್ಪಿ’ ಅಂತ. ಕೆಚುವಾ ಅನ್ನೋ ಭಾಷಾದಾಗ ಪಾರಿವಾಳ ಅಂತ ಅರ್ಥ ಅಂತ್ರಿ. ಕೂಸಿಗಿ ಇದು ಕರೀರಿ.”

“ಇದ್ಯಾವ ಊರ ಹೆಸರು ತಗದೀಯವ್ವಾ? ಇಲ್ಲಿ ಯಾರಿಗಿ ತಿಳೀತದ?”

“ಯಾರಿಗೂ ತಿಳೀಬಾರದು ಅಂತೇ ಹುಡುಕೀನ್ರಿ. ತಿಳಿಯೋ ಹೆಸರು ಇಟ್ಟರ ಏನಾಗ್ತದ ಅಂತ ನಿಮಗ ನಾ ಹೇಳಬೇಕೇನ್ರಿ?”

ನಾನು ಮಾತು ಸೋತದ್ದನ್ನು ನನ್ನ ವಿದ್ಯಾರ್ಥಿಗಳು ನೋಡಿದ್ದರೆ ಹಬ್ಬ ಮಾಡುತ್ತಿದ್ದರು.

ಮನೆಗೆ ಬಂದು ಸಮಾಜ ವಿಜ್ಞಾನದ ಮೇಷ್ಟ್ರಿಣಿಗೆ ಒಪ್ಪುವ ಹಾಗೆ ಹುಡುಕತೊಡಗಿದೆ. ಕೆಚುವಾ ಎಂಬುದು ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳ ಜನರ ನುಡಿ, ಇಂಕಾ ಅರಸರ ಕಾಲದಲ್ಲಿ ಆ ಸೀಮೆಯ ಉದ್ದಗಲಕ್ಕೆಲ್ಲ ಹಬ್ಬಿದ್ದು. ಪುಸ್ತಕದ ಪಾಠದಲ್ಲಿ ಇಂಕಾಗಳನ್ನು ಅರ್ಧ ತಾಸಿನಲ್ಲಿ ಗೆಲ್ಲಿಸಿ, ಅರ್ಧ ತಾಸಿನಲ್ಲಿ ಸೋಲಿಸಿ, ಗಂಟೆ ಹೊಡೆಯುವುದರೊಳಗೆ ಮುಗಿಸಿಬಿಡುತ್ತಿದ್ದ ನನಗೆ ಅವರ ಮನೆಗಳಲ್ಲಿ ಕೂಸುಗಳೂ ಇದ್ದವು ಎಂಬುದು ಹೊಳೆದೇ ಇರಲಿಲ್ಲ. ಆ ಜನ ತಮ್ಮ ನುಡಿಗೆ ‘ರುನಸಿಮಿ’ ಅನ್ನುತ್ತಾರಂತೆ, ಮಂದಿಯ ಮಾತು ಎಂದು. ಇದು ನನಗೆ ಬಹಳ ಹಿಡಿಸಿತು. ನಮ್ಮ ಕಡೆಯವರೂ ತಮ್ಮದು ಮಂದಿಯ ಮಾತು, ಬೆಂಗಳೂರಿನವರದು ಪುಸ್ತಕದ ಮಾತು ಎಂದೇ ನಂಬಿದ್ದಾರೆ.

‘ಉರ್ಪಿ’ ಅಂದರೆ ಪಾರಿವಾಳವೇ ಹೌದು. ಆದರೆ ಅದು ಬರೀ ಹಕ್ಕಿಯಲ್ಲ. ಅಲ್ಲಿ ಮುದ್ದಿನವರನ್ನು ಕರೆಯುವುದೂ ಹಾಗೆಯೇ, ‘ನನ್ನ ಪಾರಿವಾಳವೇ’ ಎಂದು. ನಮ್ಮ ತಾಯಂದಿರು ಎಣ್ಣೆ ಹಚ್ಚುವಾಗ ‘ನನ್ನ ಗಿಣಿ, ನನ್ನ ಬಂಗಾರ’ ಅನ್ನುವುದಿಲ್ಲವೇ, ಹಾಗೆ. ಇನ್ನೊಂದು ಸಂಗತಿ ತಿಳಿದು ಆ ಜನ ಮತ್ತೂ ಹತ್ತಿರವಾದರು. ಹಿಂದಿನ ಕಾಲದಲ್ಲಿ ಅಲ್ಲಿ ಕೂಸು ಹುಟ್ಟಿದ ಕೂಡಲೇ ಹೆಸರಿಡಲು ಅವಸರ ಮಾಡುತ್ತಿರಲಿಲ್ಲವಂತೆ. ಎದೆಹಾಲು ಬಿಡುವವರೆಗೆ ಅದು ಸುಮ್ಮನೆ ‘ವಾವಾ’, ಅಂದರೆ ಕೂಸು. ಆಮೇಲೆ ನೆಂಟರಿಷ್ಟರು ಸೇರಿ ಮೊದಲ ಸಲ ಕೂದಲು ಕತ್ತರಿಸುವ ದಿನ ಹೆಸರು. ನಮ್ಮ ಜವಳದ ಹಾಗೆ! ಎಂಥ ಬುದ್ಧಿವಂತ ಜನ ನೋಡಿ. ಕೂಸು ಎಂಥದು, ನಗುತ್ತದೋ ಕಚ್ಚುತ್ತದೋ ತಿಳಿದುಕೊಂಡು ಹೆಸರಿಡುವುದು ಒಳ್ಳೆಯದಲ್ಲವೇ? ನಾವು ಕೂಸು ಕಣ್ಣು ಬಿಡುವುದರೊಳಗೆ ನಮ್ಮ ದೂರನ್ನೆಲ್ಲ ಅದರ ಹಣೆಗೆ ಹಚ್ಚಿಬಿಡುತ್ತೇವೆ. ಹಿಂದಿನ ಕೂಸು ಉಳಿಯಲಿಲ್ಲವೇ, ಇದಕ್ಕೆ ತಿಪ್ಪಣ್ಣ. ತಿಪ್ಪೆಯಲ್ಲಿ ಸಿಕ್ಕಿದ್ದು ಎಂದುಕೊಂಡು ಯಮ ಮುಟ್ಟದಿರಲಿ ಎಂದು. ಆ ತಿಪ್ಪಣ್ಣನ ಹೆಸರಿನಲ್ಲಿ ಒಂದು ಅಂಜಿಕೆ ಇದೆ, ಅಂಜಿಕೆಯ ಒಳಗೆ ಪ್ರೀತಿ ಇದೆ. ನನ್ನ ಹೆಸರಿನಲ್ಲಿ ಎಷ್ಟು ಹುಡುಕಿದರೂ ಪ್ರೀತಿ ಸಿಗಲಿಲ್ಲ ಎಂಬುದೇ ನನ್ನ ತಕರಾರು.

ಆದರೂ ಪರದೇಶದ ಹೆಸರು! ಎಂದು ನನ್ನೊಳಗಿನ ಹಳೆಯ ಮನಸ್ಸು ಗೊಣಗಿತು. ಹಾಗೆ ಗೊಣಗುತ್ತ ಊಟಕ್ಕೆ ಕುಳಿತೆ. ರೊಟ್ಟಿಯ ಪಕ್ಕ ಶೇಂಗಾ ಹಿಂಡಿ, ಕೆಂಪು ಖಾರ, ಆಲೂಗಡ್ಡೆ ಪಲ್ಯ. ಶೇಂಗಾ, ಮೆಣಸಿನಕಾಯಿ, ಆಲೂಗಡ್ಡೆ ಮೂರೂ ಆ ದಕ್ಷಿಣ ಅಮೆರಿಕದ ಕಡೆಯಿಂದಲೇ ಹಡಗು ಹತ್ತಿ ಬಂದವು ಎಂದು ಮಕ್ಕಳಿಗೆ ಪಾಠ ಹೇಳುವವಳು ನಾನೇ. ಪರದೇಶದ್ದು ಬೇಡವೆಂದರೆ ನನ್ನ ತಾಟಿನಲ್ಲಿ ಉಳಿಯುವುದು ಬರೀ ರೊಟ್ಟಿ. ಶೇಂಗಾ ಹಿಂಡಿ ಬಿಟ್ಟು ಬದುಕುವ ಶಕ್ತಿ ನನಗಿಲ್ಲ. ಮತ್ತೆ, ಹೆಸರುಗಳಿಗಾದರೂ ನಮ್ಮ ಊರಲ್ಲಿ ಯಾವಾಗ ಬಾಗಿಲು ಹಾಕಿದ್ದರು? ದರ್ಗಾಕ್ಕೆ ಹರಕೆ ಹೊತ್ತು ಹುಟ್ಟಿದ ಹುಸೇನಪ್ಪ, ಫಕೀರಪ್ಪ, ಸಾಬಣ್ಣ ನನ್ನ ತರಗತಿಯಲ್ಲೇ ಬೆಂಚು ತುಂಬ ಇದ್ದಾರೆ. ಎಲ್ಲಿಂದಲೇ ಬರಲಿ, ಹಿಂದೆ ಒಂದು ‘ಅಪ್ಪ’ನನ್ನೋ ‘ಅವ್ವ’ನನ್ನೋ ಹಚ್ಚಿ ಹೊಲಕ್ಕೆ ಕಳಿಸಿಬಿಟ್ಟರೆ ಅದು ನಮ್ಮದೇ. ಊರಿಗೆ ಬಂದವಳು ನೀರಿಗೆ ಬರದಿರುತ್ತಾಳೆಯೇ!

ತೊಟ್ಟಿಲ ದಿನ ಇಳಕಲ್ ಸೀರೆ ಉಟ್ಟುಕೊಂಡೇ ಹೋದೆ. ನಡುಮನೆಯ ತುಂಬ ಹೆಂಗಸರು, ಗುಗ್ಗರಿ ಕುದಿಯುವ ವಾಸನೆ. ಕೂಸನ್ನು ತೊಟ್ಟಿಲ ಕೆಳಗಿಂದ ಒಬ್ಬರು ಕೊಟ್ಟು, ಮೇಲಿಂದ ಒಬ್ಬರು ತೆಗೆದುಕೊಂಡು ಹಾಡು ಮುಗಿಸಿದರು. ಗಂಡಸರ ಗುಂಪಿನಿಂದ ಮಲ್ಲಣ್ಣ ಹೊಸ್ತಿಲ ತನಕ ಬಂದು, “ಅಕ್ಕಾ, ನೆನಪದಲಾ?” ಅಂದ. ಮೂಲೆಯಲ್ಲಿ ಕುಳಿತ ಅವ್ವ ಏನೂ ಅನ್ನಲಿಲ್ಲ. ನನಗೆ ಆ ಮೌನ ಹಳೆಯ ಪರಿಚಯದ್ದು. ಎಂದಿನ ಸಿಟ್ಟು ಮರಳಿ ಬಂತು.

ಬಾಗಿದೆ. ಕೂಸಿನ ಕಿವಿ ಗುಲಗಂಜಿ ಎಲೆಯಷ್ಟು, ಇನ್ನೂ ಅಂಚು ಬಿಚ್ಚಿಕೊಳ್ಳದೆ ಮಡಚಿಕೊಂಡಿತ್ತು. ಈ ಕಿವಿಯೊಳಗೆ ಜಗತ್ತಿನ ಮೊದಲ ಮಾತು ಎಂದು ‘ನೀ ಬೇಡವಾಗಿತ್ತು’ ಅಂತ ಹೇಳುವುದೇ? ನನಗೆ ಅಳು ಬಂತು. ಕುರ್‌ರ್ ಎಂದು, “ಉರ್ಪಿ” ಅಂದೆ. ಬೆನ್ನಿಗೆ ದಬದಬ ಗುದ್ದು ಬಿದ್ದವು. ಅತ್ತದ್ದು ಗುದ್ದಿಗೆ ಎಂದು ಎಲ್ಲರೂ ನಕ್ಕರು, ನನಗೂ ಅದೇ ಬೇಕಿತ್ತು.

“ಏನಂದ್ರಿ? ಏನದು? ಯಾವ ದೇವರ ಹೆಸರದು?” ಎಂದು ಹೆಂಗಸರೆಲ್ಲ ಒಟ್ಟಿಗೆ ಕೇಳಿದರು. ಮಲ್ಲಣ್ಣನ ಮುಖ ಹುಳಿ ತಿಂದಂತಾಗಿತ್ತು. ದೂರದಲ್ಲಿ ದೊಡ್ಡ ಗುಡ್ಡಗಳಿವೆ, ಅಲ್ಲಿಯ ತಾಯಂದಿರು ಪಾರಿವಾಳಕ್ಕೆ ಹಾಗನ್ನುತ್ತಾರೆ, ಮುದ್ದು ಬಂದಾಗ ಮಕ್ಕಳಿಗೂ ಹಾಗೇ ಅನ್ನುತ್ತಾರೆ ಎಂದೆ. ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಸುನಂದಾ ನೆಲ ನೋಡುತ್ತಿದ್ದಳು.

ಆಗ ಮೂಲೆಯಿಂದ ಅವ್ವನ ದನಿ ಬಂತು. “ಉರ್ಪವ್ವ. ಚಲೋ ಅದ ಹೆಸರು. ಏ ಮಲ್ಯಾ, ಬಾಗಿಲದಾಗ ಕಂಬ ಆಗಿ ನಿಂತೀದಿ ಯಾಕ? ಗುಗ್ಗರಿ ಹಂಚು ನಡಿ.”

ಮಲ್ಲಣ್ಣ ನಡೆದ. ಎರಡು ದಿನ ನನ್ನೊಡನೆ ಮಾತು ಬಿಟ್ಟಿದ್ದ. ಮೂರನೆಯ ದಿನ ಫೋನಿನಲ್ಲಿ, “ನಿನ್ನ ಪಾರಿವಾಳ ರಾತ್ರೆಲ್ಲಾ ಗೂಗಿ ಕೂಗಿದಂಗ ಕೂಗ್ತದ, ನಿದ್ದಿಲ್ಲ,” ಎಂದು ದೂರು ಹೇಳಿದ. ದನಿಯಲ್ಲಿ ಹೆಮ್ಮೆ ಇತ್ತು.

ಅದಿರಲಿ. ತೊಟ್ಟಿಲ ದಿನ ಮಧ್ಯಾಹ್ನ ಎಲ್ಲರೂ ಹೋದ ಮೇಲೆ ಅವ್ವ ತೊಟ್ಟಿಲು ತೂಗುತ್ತ ಕುಳಿತಿದ್ದಳು. ನಾನು ಪಕ್ಕಕ್ಕೆ ಕುಳಿತು ಸ್ವಲ್ಪ ಮೊನಚಾಗಿಯೇ ಕೇಳಿದೆ.

“ಯವ್ವಾ, ಇವತ್ತು ಬಾಯಿ ಬಿಟ್ಟಿ. ನನ್ನ ತೊಟ್ಟಿಲಕ್ಕ ಹಾಕಿದ ದಿನ ಯಾಕ ಬಿಡಲಿಲ್ಲ?”

ಅವ್ವ ತೂಗುವುದನ್ನು ನಿಲ್ಲಿಸಲಿಲ್ಲ. “ನನಗ ಯಾರು ಕೇಳ್ಯಾರಬೇ? ನಾಕನೇದೂ ಹೆಣ್ಣು ಹಡದಾಕಿ ನಾ. ಒಳಗ ಕುಂತಿದ್ದೆ. ನಿಮ್ಮತ್ತಿ ಹೊರಗ ಕೂಗಿದ್ದು ಗ್ವಾಡಿ ಈಚಿಂದ ಕೇಳಿಸ್ತು, ಅಷ್ಟೇ.”

“ಕೇಳಿದ್ದರ ಏನಂತ ಹೇಳ್ತಿದ್ದಿ?”

ಅವ್ವ ಬಾಗಿಲ ಕಡೆ ನೋಡಿದಳು. ಸತ್ತು ಎಷ್ಟೋ ವರ್ಷಗಳಾದ ಆ ಸೋದರತ್ತೆ ಎಲ್ಲಿ ಕೇಳಿಸಿಕೊಳ್ಳುತ್ತಾಳೋ ಎಂಬಂತೆ ನನ್ನ ಕಿವಿಯ ಹತ್ತಿರ ಬಾಯಿ ತಂದು, “ಕಮಲಾಕ್ಷಿ,” ಅಂದಳು.

ಲಕ್ಷ್ಮಿಯನ್ನು ಲಚುಮಿ ಅನ್ನುವ ನಮ್ಮವ್ವ, ಉರ್ಪಿಯನ್ನು ಉಸಿರು ತೆಗೆಯುವುದರೊಳಗೆ ಉರ್ಪವ್ವ ಮಾಡಿದ ನಮ್ಮವ್ವ, ಆ ಹೆಸರನ್ನು ಒಂದಕ್ಷರ ಕೆಡಿಸದೆ ಹೇಳಿದಳು. ಇಷ್ಟು ವರ್ಷ ಒಬ್ಬಳೇ ಎಷ್ಟು ಸಲ ಅಂದುಕೊಂಡಿರಬೇಕು!

ಈಗಲೂ ಹಾಜರಿ ಪುಸ್ತಕದಲ್ಲಿ ನಾನು ಸಾಕಮ್ಮ ಮೇಡಂ; ಈ ವಯಸ್ಸಿನಲ್ಲಿ ಅದನ್ನೆಲ್ಲ ಬದಲಿಸುತ್ತ ಯಾರು ಆಫೀಸು ತಿರುಗುತ್ತಾರೆ? ಆದರೆ ಊರಿಗೆ ಹೋದಾಗ, ಯಾರೂ ಹತ್ತಿರ ಇಲ್ಲದ ಹೊತ್ತು ನೋಡಿ, ಅವ್ವ ಒಮ್ಮೊಮ್ಮೆ ಒಳಗಿನಿಂದ “ಕಮಲಾಕ್ಷೀ” ಎಂದು ಕರೆಯುತ್ತಾಳೆ. ಮೊದಲನೆಯ ಕರೆಗೇ ನನಗೆ ಕೇಳಿಸಿರುತ್ತದೆ. ಆದರೂ ಓಗೊಡುವುದಿಲ್ಲ. ಇನ್ನೊಮ್ಮೆ ಕರೆಯಲಿ ಎಂದು ಸುಮ್ಮನೆ ಕುಳಿತಿರುತ್ತೇನೆ.